ಕೊಲೆಗಾರ ಯಾರೆಂದು ನನಗೆ ಗೊತ್ತಿತ್ತು

ಕೊರೊನಾ ಕಳೆದು ಜನ ಮತ್ತೆ ಸಭೆ ಸಮಾರಂಭ ಮಾಡಲು ಶುರು ಮಾಡಿದ್ದ ವರ್ಷ. ಚಿಕ್ಕಬಳ್ಳಾಪುರದಲ್ಲಿ ಕೆಲವು ಓದುಗರು ಸೇರಿ ನನ್ನ ಅಣ್ಣನಿಗೆ ಒಂದು ಸನ್ಮಾನ ಇಟ್ಟುಕೊಂಡಿದ್ದರು. ಆ ಭಾನುವಾರ ನಡೆದದ್ದನ್ನು ಯಾರಿಗಾದರೂ ಹೇಳಬೇಕು ಅಂತ ಅವತ್ತಿನಿಂದ ಅಂದುಕೊಳ್ಳುತ್ತಲೇ ಇದ್ದೇನೆ. ನಾನು ಓದಿದ್ದು ಏಳನೇ ಕ್ಲಾಸಿನವರೆಗೆ. ಬರೆದು ರೂಢಿಯಿಲ್ಲ. ತಪ್ಪಿದ್ದರೆ ತಿದ್ದಿಕೊಂಡು ಓದಿ.

ಅಣ್ಣ ಚಿಂತಾಮಣಿಯ ಒಂದು ಕಾಲೇಜಿನಲ್ಲಿ ವಿಜ್ಞಾನದ ಲ್ಯಾಬಿಗೆ ಅಟೆಂಡರ್ ಆಗಿದ್ದ. ಗಾಜಿನ ಕೊಳವೆಗಳನ್ನು ತೊಳೆಯುತ್ತಾ, ಮೇಷ್ಟ್ರುಗಳು ಹುಡುಗರಿಗೆ ಹೇಳುವುದನ್ನು ಕೇಳಿಸಿಕೊಳ್ಳುತ್ತಾ ಅವನಿಗೆ ಕಥೆ ಬರೆಯುವ ಹುಚ್ಚು ಹತ್ತಿತು. ಮೊದಲು ಬೇರೆ ಗ್ರಹದವರು ಇಲ್ಲಿಗೆ ಬರುವ ಕಥೆಗಳು. ‘ಶನಿಗ್ರಹದ ಬಾಡಿಗೆದಾರ’ ಅಂತ ಒಂದು ಕಾದಂಬರಿ ವಾರಪತ್ರಿಕೆಯಲ್ಲಿ ಧಾರಾವಾಹಿಯಾಗಿ ಬಂತು. ಆಮೇಲೆ ಪತ್ತೇದಾರಿ ಕಡೆಗೆ ತಿರುಗಿದ. ಒಂದು ಕಾಲದಲ್ಲಿ ಚಿಂತಾಮಣಿ ಬಸ್‌ಸ್ಟ್ಯಾಂಡಿನ ಅಂಗಡಿಯಲ್ಲಿ ಅವನ ಪುಸ್ತಕಗಳನ್ನು ದಾರಕ್ಕೆ ನೇತುಹಾಕುತ್ತಿದ್ದರು. ಗೌರಿಬಿದನೂರಿಗೆ ಹೋಗುವ ರೈಲಿನಲ್ಲಿ ಒಬ್ಬರು ಅವನ ಕಾದಂಬರಿ ಓದುತ್ತಾ, ಇಳಿಯಬೇಕಾದ ತೊಂಡೇಬಾವಿ ಸ್ಟೇಷನ್ನನ್ನೇ ಬಿಟ್ಟು ಮುಂದೆ ಹೋಗಿಬಿಟ್ಟರಂತೆ. ಅಣ್ಣ ಎದುರಿಗೇ ಕೂತಿದ್ದನಂತೆ. ‘ನೀನಾದ್ರೂ ಹೇಳಬಾರ್ದಿತ್ತಾ?’ ಅಂತ ನಾನು ಕೇಳಿದ್ದಕ್ಕೆ, ‘ಕೊನೇ ಅಧ್ಯಾಯದಲ್ಲಿದ್ರು ಕಣಮ್ಮ, ಹೆಂಗೆ ಹೇಳೋದು?’ ಅಂದಿದ್ದ.

ನನ್ನನ್ನು ಮದುವೆ ಮಾಡಿ ಕೊಟ್ಟಿದ್ದು ಶಿಡ್ಲಘಟ್ಟಕ್ಕೆ. ಅಲ್ಲಿ ರೇಷ್ಮೆ ನೂಲು ತೆಗೆಯುವ ಕಾರ್ಖಾನೆಯಲ್ಲಿ ಕೆಲಸಕ್ಕೆ ಹೋಗುತ್ತಿದ್ದೆ. ಬೇಯಿಸಿದ ಗೂಡುಗಳನ್ನು ಬಿಸಿನೀರಿನಲ್ಲಿ ಆಡಿಸಿ ಎಳೆಯ ತುದಿ ಹುಡುಕುವ ಕೆಲಸ. ಬೆರಳಿನ ಚರ್ಮ ನೆಂದು ನೆಂದು ಬಿಳುಚಿಕೊಳ್ಳುತ್ತಿತ್ತು. ಭಾನುವಾರ ಮಧ್ಯಾಹ್ನದ ಮೇಲೆ ಬಿಡುವು. ಆ ಹೊತ್ತಿಗೆ ಅಣ್ಣ ಚಿಂತಾಮಣಿಯಿಂದ ಬಸ್ಸಿನಲ್ಲಿ ಬರುತ್ತಿದ್ದ, ಚೀಲದಲ್ಲಿ ಆ ವಾರ ಬರೆದ ಹಾಳೆಗಳನ್ನು ಇಟ್ಟುಕೊಂಡು.

ಅವನ ಪದ್ಧತಿ ಅದು. ಬರೆದದ್ದನ್ನೆಲ್ಲ ಮೊದಲು ನನಗೆ ಓದಿ ಹೇಳಬೇಕು. ಕೊನೆಯ ಅಧ್ಯಾಯಕ್ಕೆ ಬರುವ ಮುಂಚೆ ಹಾಳೆ ಮಗುಚಿಟ್ಟು, ‘ಚೆಪ್ಪಮ್ಮಾ, ಎವರು?’ ಅನ್ನುತ್ತಿದ್ದ. ಹೇಳಮ್ಮಾ, ಯಾರು ಅಂತ. ನಮ್ಮ ಮನೆಯಲ್ಲಿ ಖುಷಿಯಾದರೆ ತೆಲುಗೇ ಬಾಯಿಗೆ ಬರುವುದು. ನಾನು ಕೊಲೆಗಾರ ಇಂಥವನು ಅಂತ ಸರಿಯಾಗಿ ಹೇಳಿಬಿಟ್ಟರೆ ಅವನು ಮುಖ ಸಪ್ಪಗೆ ಮಾಡಿಕೊಂಡು ಎಲ್ಲವನ್ನೂ ವಾಪಸ್ ಚೀಲಕ್ಕೆ ತುಂಬುತ್ತಿದ್ದ. ಮತ್ತೆ ಬರೆದು ತಂದು ಮತ್ತೆ ಓದುತ್ತಿದ್ದ. ನನಗೆ ಗೊತ್ತಾಗದ ಹಾಗೆ ಆಗುವವರೆಗೂ ಅದನ್ನು ಅಚ್ಚಿಗೆ ಕಳಿಸುತ್ತಿರಲಿಲ್ಲ. ಬೇರೆ ಗ್ರಹದ ಕಥೆಯಾದರೆ, ‘ಅರ್ಥ ಆಯ್ತಾ?’ ಅನ್ನುವುದೊಂದೇ ಪ್ರಶ್ನೆ. ಆಗಲಿಲ್ಲ ಅಂದರೆ ಅದನ್ನೂ ತಿದ್ದುತ್ತಿದ್ದ.

ಸೋಮವಾರ ಕಾರ್ಖಾನೆಗೆ ಹೋದರೆ ಪಕ್ಕದಲ್ಲಿ ಕೂರುವ ಶಾಹಿದಾ, ‘ನಿಮ್ಮಣ್ಣ ನಿನ್ನೆ ಎಷ್ಟ್ ಜನಾನ ಸಾಯ್ಸಿದ್ರು ರತ್ನಮ್ಮ? ನಮ್ ಮೇಸ್ತ್ರೀನೂ ಒಂದ್ ಕಥೇಲಿ ಹಾಕ್ಸು, ಪುಣ್ಯ ಬರ್ತದೆ’ ಅನ್ನುತ್ತಿದ್ದಳು. ನಾನು ನಗುತ್ತಿದ್ದೆ. ಒಳಗೊಳಗೇ ಹೆಮ್ಮೆ. ಮನೆಯಲ್ಲಿ, ಕಾರ್ಖಾನೆಯಲ್ಲಿ, ಎಲ್ಲಿಯೂ ಯಾರೂ ನನ್ನನ್ನು ‘ನಿನಗೇನನ್ನಿಸುತ್ತೆ’ ಅಂತ ಕೇಳಿದವರಲ್ಲ. ಕೇಳುತ್ತಿದ್ದವನು ಅಣ್ಣ ಒಬ್ಬನೇ.

ಆಮೇಲೆ ನನ್ನ ಗಂಡ ಹಾಸಿಗೆ ಹಿಡಿದರು. ಹೊರಗಿನ ದುಡಿತ, ಮನೆಗೆ ಬಂದರೆ ಅವರನ್ನು ತಿರುಗಿಸಿ ಮಲಗಿಸುವುದು, ಒರೆಸುವುದು, ಉಣಿಸುವುದು. ಭಾನುವಾರ ಮಧ್ಯಾಹ್ನ ಅವರು ನಿದ್ದೆ ಹೋದರೆ ನಾನೂ ಗೋಡೆಗೆ ಒರಗಿ ಕಣ್ಣು ಮುಚ್ಚುತ್ತಿದ್ದೆ. ಅಷ್ಟರಲ್ಲಿ ಬಾಗಿಲಲ್ಲಿ ಅಣ್ಣನ ಚಪ್ಪಲಿ ಸದ್ದು.

‘ಗಾಜಿನ ಬೆರಳು’ ಅನ್ನುವ ಕಾದಂಬರಿ ಓದುತ್ತಿದ್ದ ದಿನಗಳು. ತೂಕಡಿಸುತ್ತಲೇ ಕೇಳುತ್ತಿದ್ದೆ. ಆದರೂ ಕೊಲೆ ಮಾಡಿದ್ದು ಡಾಕ್ಟರೇ ಅಂತ ನನಗೆ ಬೇಗನೇ ಗೊತ್ತಾಗಿಹೋಯಿತು. ಅಣ್ಣ ಹಾಳೆ ಮಗುಚಿ, ‘ಎವರು?’ ಅಂದ. ಡಾಕ್ಟರು ಅಂದರೆ ಇಡೀ ಕಾದಂಬರಿಯನ್ನು ಇನ್ನೊಂದು ಸಲ ಬರೆಯುತ್ತಾನೆ, ಮುಂದಿನ ಎಷ್ಟೋ ಭಾನುವಾರಗಳನ್ನು ನಾನು ಇನ್ನೊಂದು ಸಲ ಕೂತು ಕೇಳಬೇಕು. ನನ್ನ ಕಣ್ಣು ಉರಿಯುತ್ತಿತ್ತು. ‘ಗೊತ್ತಾಗ್ಲಿಲ್ಲಣ್ಣ’ ಅಂದುಬಿಟ್ಟೆ.

ಅವನ ಮುಖ ಅರಳಿದ್ದು ನನಗೆ ಈಗಲೂ ಕಣ್ಣಿಗೆ ಕಟ್ಟಿದ ಹಾಗಿದೆ. ಎದ್ದು ಹೋಗಿ ಅವನೇ ಟೀ ಕಾಸಿಕೊಂಡು ಬಂದು ಕೊಟ್ಟ.

ಅದು ಪತ್ರಿಕೆಯಲ್ಲಿ ಬಂದಾಗ, ಕೊಲೆಗಾರ ಯಾರು ಅಂತ ಮೊದಲೇ ಗೊತ್ತಾಗುತ್ತದೆ ಎಂದು ಓದುಗರು ಬರೆದರು. ಅಣ್ಣ ನಕ್ಕ. ‘ನಮ್ ರತ್ನನಿಗೇ ಗೊತ್ತಾಗ್ಲಿಲ್ಲ, ಇವರಿಗೆ ಗೊತ್ತಾಯ್ತಂತೆ’ ಅಂದ. ನಾನು ತಲೆ ಎತ್ತಲಿಲ್ಲ. ಒಂದು ಸಲ ಸುಳ್ಳು ಹೇಳಿದ ಮೇಲೆ ಸುಲಭವಾಗಿಬಿಟ್ಟಿತು. ಅದಾದ ಮೇಲಿನ ಕಾದಂಬರಿಗಳಿಗೂ ಅದೇ ಮಾತು. ಕೆಲವನ್ನಂತೂ ನಾನು ಕೇಳಿಸಿಕೊಂಡೂ ಇಲ್ಲ. ಬಾಹ್ಯಾಕಾಶದ ಒಂದು ಕಾದಂಬರಿಯಲ್ಲಿ ತಲೆಬುಡ ಗೊತ್ತಾಗದಿದ್ದರೂ ‘ಅರ್ಥ ಆಯ್ತಣ್ಣ’ ಅಂದೆ. ನಿಧಾನವಾಗಿ ಪತ್ರಿಕೆಯವರು ಬೇಡ ಅಂದರು, ಪ್ರಕಾಶಕರೂ ಬೇಡ ಅಂದರು. ‘ಟಿವಿ ಬಂತು, ಮೊಬೈಲ್ ಬಂತು, ಓದೋರು ಯಾರಿದಾರೆ’ ಅಂತ ಅಣ್ಣ ಬರೆಯುವುದನ್ನೇ ನಿಲ್ಲಿಸಿದ. ನನ್ನ ಗಂಡ ತೀರಿಕೊಂಡರು. ನನಗೂ ವಯಸ್ಸಾಗಿ ಕೆಲಸ ಬಿಟ್ಟೆ.

ಎಷ್ಟೋ ವರ್ಷ ಸುಮ್ಮನಿದ್ದವನು ಈ ಸನ್ಮಾನದ ಸುದ್ದಿ ಬಂದದ್ದೇ ಮತ್ತೆ ಪೆನ್ನು ಹಿಡಿದ. ಬೆಟ್ಟದ ಮೇಲೆ ನಕ್ಷತ್ರ ನೋಡುವ ವಿಜ್ಞಾನಿಯೊಬ್ಬನ ಕೊಲೆ. ಅವನ ಎರಡು ಇಷ್ಟಗಳೂ ಒಂದೇ ಪುಸ್ತಕದಲ್ಲಿ. ಕೈ ನಡುಗುವುದರಿಂದ ಒಂದು ಹಾಳೆಗೆ ಒಂದು ದಿನ ಹಿಡಿಯುತ್ತಿತ್ತು. ಮತ್ತೆ ಭಾನುವಾರಗಳಂದು ಬಂದು ಓದಿದ. ಈ ಸಲ ನಾನು ಸರಿಯಾಗಿ ಕೇಳಿದೆ. ಕೊನೆಯ ಅಧ್ಯಾಯ ಉಳಿಸಿಕೊಂಡು, ‘ಫಂಕ್ಷನ್ ಮುಗೀಲಿ, ಆಮೇಲೆ ಕೇಳ್ತೀನಿ’ ಅಂದಿದ್ದ.

ಸಮಾರಂಭದ ದಿನ ಅವನಿಗೆ ಶಾಲು ಹೊದಿಸಿ, ಪೇಟ ತೊಡಿಸಿ, ಹಣ್ಣಿನ ಬುಟ್ಟಿ ಕೊಟ್ಟರು. ಪೇಟ ದೊಡ್ಡದಾಗಿ ಹುಬ್ಬಿನವರೆಗೂ ಇಳಿಯುತ್ತಿತ್ತು. ಮಾತಾಡಲು ನಿಂತ ಅಣ್ಣ ತನ್ನ ಬಗ್ಗೆ ಹೆಚ್ಚು ಹೇಳಲೇ ಇಲ್ಲ. ‘ನನಗೆ ಗುರು ಅಂತ ಇದ್ದರೆ ನನ್ನ ತಂಗಿ. ಅವಳು ಹೂಂ ಅನ್ನದೆ ನಾನು ಒಂದು ಸಾಲನ್ನೂ ಅಚ್ಚಿಗೆ ಕಳಿಸಿಲ್ಲ. ಕೊಲೆಗಾರ ಯಾರು ಅಂತ ಅವಳಿಗೆ ಗೊತ್ತಾಗಿಬಿಟ್ಟರೆ ಮತ್ತೆ ಬರೆಯುತ್ತಿದ್ದೆ. ಅವಳು ನನಗೆ ಮುಖಸ್ತುತಿ ಮಾಡಿದವಳಲ್ಲ’ ಅಂದ. ನನ್ನನ್ನು ಎದ್ದು ನಿಲ್ಲಿಸಿದರು. ಎಲ್ಲರೂ ಚಪ್ಪಾಳೆ ತಟ್ಟಿದರು. ನಾನು ಸೆರಗು ಹಿಡಿದುಕೊಂಡು ನಿಂತೆ.

ಊಟದ ಹೊತ್ತಿಗೆ ಆ ಓದುಗರ ಗುಂಪಿನ ಪಲ್ಲವಿ ಅನ್ನುವ ಹುಡುಗಿ, ಹೈಸ್ಕೂಲಿನಲ್ಲಿ ಟೀಚರಂತೆ, ನಮ್ಮ ಹತ್ತಿರ ಬಂದು ಕೂತಳು. ‘ಅಮ್ಮಾ, ಒಂದ್ ಕೇಳ್ತೀನಿ, ಬೇಜಾರ್ ಮಾಡ್ಕೋಬೇಡಿ. ಗಾಜಿನ ಬೆರಳು ನಿಜವಾಗ್ಲೂ ನಿಮಗೆ ಗೊತ್ತಾಗ್ಲಿಲ್ವಾ? ನಾನಾಗ ಎಂಟನೇ ಕ್ಲಾಸು. ಡಾಕ್ಟ್ರೇ ಅಂತ ನಮ್ಮಮ್ಮನ ಹತ್ರ ಬೆಟ್ ಕಟ್ಟಿದ್ದೆ.’

ಅಣ್ಣ ಜೋರಾಗಿ ನಕ್ಕ. ‘ಓದಿ ಮುಗಿಸಿದ ಮೇಲೆ ಎಲ್ರೂ ಹಂಗೇ ಅಂತಾರಮ್ಮ. ಹೇಳು ರತ್ನಾ ಇವಳಿಗೆ.’

ಇಬ್ಬರೂ ನನ್ನ ಮುಖ ನೋಡಿದರು. ‘ನನಗೆಲ್ಲಿ ಅಷ್ಟು ಬುದ್ಧಿ ತಾಯಿ’ ಅಂದೆ.

ಸಂಜೆ ಚಿಂತಾಮಣಿ ಬಸ್ಸು ಹತ್ತಿದೆವು. ಶಿಡ್ಲಘಟ್ಟದಲ್ಲಿ ನಾನು ಇಳಿಯುವುದು, ಅವನೂ ನನ್ನ ಜೊತೆ ಇಳಿದು ಒಂದು ದಿನ ಇದ್ದು ಹೋಗುವುದು ಅಂತ ಮಾತಾಗಿತ್ತು. ಕಿಟಕಿ ಪಕ್ಕ ಅಣ್ಣ, ಅವನ ಮಡಿಲಲ್ಲಿ ಹಣ್ಣಿನ ಬುಟ್ಟಿ. ಸ್ವಲ್ಪ ದೂರ ಬಂದ ಮೇಲೆ ನನ್ನ ಕಡೆ ತಿರುಗಿದ. ‘ಹೂಂ, ಚೆಪ್ಪಮ್ಮಾ. ಎವರು?’

ಇಷ್ಟು ನಡುಗುವ ಕೈಯಲ್ಲಿ ಇನ್ನೊಂದು ಸಲ ಬರೆಯುತ್ತಾನಾ ಅಂತ ಯೋಚಿಸಿದೆ. ಬರೆಯದೆ ಹೀಗೇ ಅಚ್ಚು ಹಾಕಿಸಿದರೆ, ಇವತ್ತು ಶಾಲು ಹೊದಿಸಿದವರೇ ನಾಳೆ ನಗುತ್ತಾರೆ ಅಂತಲೂ ಅನ್ನಿಸಿತು.

‘ಅಡುಗೆಯವನು’ ಅಂದೆ. ‘ಎಲ್ರ ಮೇಲೂ ಅನುಮಾನ ಬರೋ ಹಾಗೆ ಬರ್ದಿದೀಯ. ಅವನೊಬ್ಬನ್ನ ಮಾತ್ರ ಒಳ್ಳೆಯವನು ಅಂತ ಬರ್ದಿದೀಯ.’

‘ಪರ್ವಾಗಿಲ್ಲ, ತಿದ್ತೀನಿ’ ಅಂದ ಅಣ್ಣ. ಅಲ್ಲಿಗೆ ಬಿಡಬಹುದಿತ್ತು. ಆದರೆ ನನ್ನ ಬಾಯಿ ನಿಲ್ಲಲಿಲ್ಲ. ‘ಗಾಜಿನ ಬೆರಳಿನ ಡಾಕ್ಟ್ರೂ ಗೊತ್ತಾಗಿತ್ತಣ್ಣ. ಆಮೇಲಿನವೂ ಕೆಲವು ಗೊತ್ತಾಗಿದ್ವು. ಸುಳ್ಳು ಹೇಳ್ದೆ.’

ಅವನು ಪೇಟ ತೆಗೆದು ಬುಟ್ಟಿಯ ಮೇಲಿಟ್ಟ.

‘ಯಾಕಮ್ಮ?’

‘ನಿದ್ದೆ ಬರ್ತಿತ್ತು. ಸಾಕಾಗೋಗ್ತಿತ್ತು ಅಣ್ಣ.’

ಬೈಯುತ್ತಾನೆ ಅಂದುಕೊಂಡಿದ್ದೆ. ಬೈಯಲಿಲ್ಲ. ಬಸ್ಸು ಒಂದು ಊರು ದಾಟುವವರೆಗೆ ಹೊರಗೆ ನೋಡುತ್ತಿದ್ದ. ಆಮೇಲೆ, ‘ಸುಸ್ತಾಗಿದೆ ಕಣಣ್ಣ ಅಂತ ಒಂದ್ ಮಾತು ಅಂದಿದ್ರೆ, ಮಲಕ್ಕೋ ಅಂತಿದ್ನಲ್ಲ ರತ್ನಾ. ನಾನೇನ್ ಬೇರೆಯವನಾ?’ ಅಂದ.

ಅದಕ್ಕೆ ಉತ್ತರ ಈಗ ಇಲ್ಲಿ ಬರೆಯುತ್ತೇನೆ. ಸುಸ್ತು ಅಂದರೆ ಅವನು ಓದಿ ಹೇಳಲು ಬೇರೆ ಯಾರನ್ನಾದರೂ ಹುಡುಕಿಕೊಳ್ಳುತ್ತಾನೆ ಅಂತ ನನಗೆ ಭಯವಿತ್ತು. ಕೇಳುವ ಕಷ್ಟ ಬೇಡವಾಗಿತ್ತು, ಆದರೆ ಅವನು ಕೇಳುವ ಪ್ರಶ್ನೆ ನನಗೇ ಬೇಕಾಗಿತ್ತು.

ಶಿಡ್ಲಘಟ್ಟ ಬಂತು. ‘ಇಳಿಯಮ್ಮ’ ಅಂದ. ಅವನು ಏಳಲಿಲ್ಲ. ಬುಟ್ಟಿಯನ್ನು ನನ್ನ ಕೈಗೆ ಕೊಟ್ಟು, ‘ಒಬ್ಬನಿಗೆ ಇಷ್ಟ್ ಹಣ್ಣು ಯಾಕೆ’ ಅಂದ. ನಾನು ಕೆಳಗಿಳಿದು ನಿಂತೆ. ಬಸ್ಸು ಅವನನ್ನು ಕರೆದುಕೊಂಡು ಚಿಂತಾಮಣಿಗೆ ಹೋಯಿತು.

ಅಣ್ಣ ಮಾತು ಬಿಟ್ಟಿಲ್ಲ. ಫೋನ್ ಮಾಡುತ್ತಾನೆ, ಮಂಡಿನೋವು ಹೇಗಿದೆ, ಮಾತ್ರೆ ತಗೊಂಡೆಯಾ ಅಂತ ಕೇಳುತ್ತಾನೆ. ಕಾದಂಬರಿಯ ಮಾತು ಎತ್ತುವುದಿಲ್ಲ. ಅದರ ಸುದ್ದಿ ನನಗೆ ಸಿಕ್ಕಿದ್ದು ಪಲ್ಲವಿಯಿಂದ. ‘ಸಾರ್ ನಂಗೆ ಫೋನಲ್ಲಿ ಓದಿ ಹೇಳ್ತಾರೆ ಅಮ್ಮಾ. ಎರಡು ಸಲ ಕಂಡುಹಿಡಿದ್ಬಿಟ್ಟೆ. ಬೈಕೊಂಡು ಬೈಕೊಂಡು ಮತ್ತೆ ಬರೀತಿದಾರೆ’ ಅಂತ ನಗುತ್ತಾ ಹೇಳಿದಳು. ಒಳ್ಳೆಯದಾಯಿತು ಅಂದೆ. ಒಳ್ಳೆಯದೇ ಆಗಿದೆ.

ಓದುಗರು ದೂರವಾಗಿದ್ದು ಮೊಬೈಲಿನಿಂದ ಅಂತ ಅವನು ಒಂದು ಸಮಾಧಾನ ಇಟ್ಟುಕೊಂಡಿದ್ದ. ನನ್ನ ಭಾರ ಇಳಿಸಿಕೊಳ್ಳಲು ಹೋಗಿ ಅದನ್ನೂ ಕಿತ್ತುಕೊಂಡೆನೇನೋ. ಹೇಳಿದ್ದು ಅವನಿಗಾಗಿಯೋ ನನಗಾಗಿಯೋ ಅಂತ ಕೇಳಿಕೊಂಡರೆ ಈಗಲೂ ಗೊತ್ತಾಗುವುದಿಲ್ಲ. ಭಾನುವಾರ ಮಧ್ಯಾಹ್ನ ಊಟ ಮಾಡಿ ಚಾಪೆ ಹಾಸಿಕೊಂಡು ಮಲಗುತ್ತೇನೆ. ಎಬ್ಬಿಸುವವರು ಯಾರೂ ಇಲ್ಲ. ನಿದ್ದೆ ಬರುವುದಿಲ್ಲ.