ಕೋಚ್ ಡಾರ್ನೆಲ್ ಜೊತೆ ಅಟ್ಲಾಂಟಾಕ್ಕೆ

ಏಪ್ರಿಲ್ ತಿಂಗಳ ಒಂದು ಗುರುವಾರ ಬೆಳಿಗ್ಗೆ ವಾಷಿಂಗ್ಟನ್ ಬಳಿಯ ನಮ್ಮ ಜರ್ಮನ್‌ಟೌನ್ ಬಿಟ್ಟೆವು. ನನ್ನ ಪುಟ್ಟ ಕಾರಿನ ಮುಂದಿನ ಸೀಟನ್ನು ಪೂರ್ತಿ ಹಿಂದಕ್ಕೆ ಸರಿಸಿದರೂ ಡಾರ್ನೆಲ್ ಅವರ ಮಂಡಿ ಡ್ಯಾಶ್‌ಬೋರ್ಡಿಗೆ ತಾಗುತ್ತಿತ್ತು. ಆರೂವರೆ ಅಡಿ ಎತ್ತರದ ಆಳು. ಹತ್ತು ವರ್ಷ ಅಮೆರಿಕನ್ ಫುಟ್‌ಬಾಲನ್ನೇ ವೃತ್ತಿಯಾಗಿ ಆಡಿ, ಈಗ ನಮ್ಮ ಕಡೆಯ ಹೈಸ್ಕೂಲ್ ತಂಡಕ್ಕೆ ಕೋಚ್ ಆಗಿದ್ದರು.

ನಾನು ಫಿಸಿಯೋಥೆರಪಿಸ್ಟ್. ಅವರ ಬಲಮಂಡಿಯ ಕೀಲು ಬದಲಿಸಿದ ಮೇಲೆ ಚಳಿಗಾಲವೆಲ್ಲ ಅದನ್ನು ಮಡಿಸಿ, ಬಿಡಿಸಿ, ಬೈಸಿಕೊಂಡವಳು. ಇಬ್ಬರ ಮನೆಯೂ ಒಂದೇ ಅಪಾರ್ಟ್‌ಮೆಂಟಿನಲ್ಲಿ. ಅಟ್ಲಾಂಟಾ ಬಳಿಯ ಸಣ್ಣ ಕಾಲೇಜೊಂದು ಅವರನ್ನು ಕೋಚ್ ಕೆಲಸದ ಸಂದರ್ಶನಕ್ಕೆ ಕರೆದಿತ್ತು. ವಿಮಾನದ ಸೀಟಿನಲ್ಲಿ ಕಾಲು ಹಿಡಿಸುವುದಿಲ್ಲ. ಅಷ್ಟು ದೂರ ಡ್ರೈವ್ ಮಾಡಲು ನಾನೇ ಬಿಟ್ಟಿರಲಿಲ್ಲ. ನರ್ಸ್ ಆಗಿರುವ ಹೆಂಡತಿ ಯವಾನ್‌ಗೆ ರಜೆ ಸಿಗಲಿಲ್ಲ. ನಾನು ಹೇಗೂ ಆ ದಾರಿಯಲ್ಲೇ ಸಿಗುವ ಏಪೆಕ್ಸ್ ಊರಿನ ಅಕ್ಕನ ಮನೆಗೆ ಹೊರಟಿದ್ದೆ. "ಅಲ್ಲಿಂದ ಇನ್ನೊಂದು ಸ್ವಲ್ಪ ಮುಂದೆ, ಡಾಕ್," ಎಂದರು, ನನ್ನನ್ನು ಡಾಕ್ಟರ್ ಮಾಡಿಬಿಟ್ಟಿದ್ದ ಡಾರ್ನೆಲ್. ಆ ಸ್ವಲ್ಪ ಎಂದರೆ ಸುಮಾರು ನಾನೂರು ಮೈಲಿ! ಅವರು ಇಂಗ್ಲಿಷಿನಲ್ಲಿ ಆಡಿದ್ದನ್ನು ನನ್ನ ಮಾತಿನಲ್ಲಿ ಬರೆಯುತ್ತಿದ್ದೇನೆ.

ವಾಷಿಂಗ್ಟನ್ ಸುತ್ತುವ ಬೆಲ್ಟ್‌ವೇಯಲ್ಲಿ ಕಾರು ತೆವಳಿತು. ಆ ಹೊತ್ತಿನಲ್ಲೇ ಅವರು ತಮ್ಮ ಆಟವನ್ನು ನನಗೆ ಬಿಡಿಸಿ ಹೇಳಿದ್ದು. ಎರಡು ಸಾಲು ದೈತ್ಯರು ಎದುರುಬದುರು ಬಗ್ಗಿ ನಿಲ್ಲುತ್ತಾರೆ. ಒಂದು ಸಾಲು ಗೋಡೆ, ಇನ್ನೊಂದು ಅದನ್ನು ಒಡೆಯುವುದು. "ನಾನು ಒಡೆಯೋನು," ಎಂದರು. ರೆಸ್ಟ್ ಏರಿಯಾ ಬಂದಲ್ಲೆಲ್ಲ ಇಳಿಸಿ ನಡೆಸಿದೆ. ಗೊಣಗುತ್ತಲೇ ನಡೆದರು.

ಏಪೆಕ್ಸಿನಲ್ಲಿ ಪೈನ್ ಮರಗಳ ಪರಾಗ ಉದುರಿ ನಿಂತ ಕಾರುಗಳೆಲ್ಲ ಅರಿಸಿನ ಬಳಿದುಕೊಂಡಂತಿದ್ದವು. ಸುನಂದಕ್ಕ ಜೋಳದ ರೊಟ್ಟಿ, ಎಣ್ಣೆಗಾಯಿ ಮಾಡಿದ್ದಳು. "ಇವರಿಗೆ ಖಾರ ನಡೀತದೇನ? ಇಲ್ಲಾಂದ್ರ ಪಿಜ್ಜಾ ಆರ್ಡರ್ ಮಾಡ್ಲೇನು?" ಎಂದು ನನ್ನ ಕಿವಿಯಲ್ಲಿ ಕೇಳಿದಳು. ಸ್ವಲ್ಪ ಹೊತ್ತಿಗೆ ರೊಟ್ಟಿಯ ಬುಟ್ಟಿ ಬರಿದಾಯಿತು.

ಊಟವಾದ ಮೇಲೆ ಅವರು ದಾರಿಯಲ್ಲಿ ಹೇಳದಿದ್ದ ಸಂಗತಿ ಹೊರಬಂತು. ಹಿಂದೆ ಎರಡು ಕಾಲೇಜುಗಳು ಇವರನ್ನು ಬೇಡವೆಂದಿದ್ದವು. "ಬಾಯಲ್ಲಿ ಹೇಳೋ ಕೋಚ್ ಬೇಕಾದಷ್ಟಿದ್ದಾರಂತೆ, ಬಗ್ಗಿ ತೋರಿಸೋರು ಬೇಕಂತೆ. ಇಲ್ಲೂ ಆಗದಿದ್ರೆ ಇನ್ನು ಅಪ್ಲೈ ಮಾಡಲ್ಲ."

"ಆಟ ಕಲಸೂದು ತಲಿಯೊಳಗಿಂದರಿ, ಮಣಕಾಲಿಂದ ಅಲ್ಲ," ಎಂದಳು ಅಕ್ಕ. ನಾನು ಅದನ್ನು ಇಂಗ್ಲಿಷಿಗೆ ತಿರುಗಿಸಿದೆ. ಅಕ್ಕ ಅಷ್ಟಕ್ಕೇ ಬಿಡಲಿಲ್ಲ. "ನಮ್ಮ ಶೈಲಾನೂ ಧಾರವಾಡದಾಗ ಕಬಡ್ಡಿ ಆಡಿದಾಕಿ. ತೋರಸಽ ಒಂದೀಟು!" ಎಂದು ನನ್ನನ್ನು ಎಬ್ಬಿಸಿದಳು. ನಾನು ನಗುತ್ತ, ಸೋಫಾ ಸರಿಸಿ, ಎದುರಾಳಿಯನ್ನು ಹಿಡಿಯುವವಳಂತೆ ಸೊಂಟ ಇಳಿಸಿ ಬಗ್ಗಿ ನಿಂತೆ. ಡಾರ್ನೆಲ್ ನಗಲಿಲ್ಲ. ನನ್ನ ಪಾದಗಳನ್ನೇ ನೋಡುತ್ತ ಕುಳಿತರು.

ಶುಕ್ರವಾರ ಷಾರ್ಲೆಟ್ ದಾಟುವಾಗ ಒಂದು ಗ್ಯಾಸ್ ಸ್ಟೇಷನ್ನಿಗೆ ತಿರುಗಿಸಲು ಹೇಳಿದರು. ಟ್ಯಾಂಕ್ ತುಂಬಿಸಲು ನಲವತ್ತು ಡಾಲರ್ ಆಯಿತು. "ತಂಡದವರು ನನ್ನನ್ನು ಕೈಬಿಟ್ಟರು ಅನ್ನೋ ಫೋನ್ ಬಂದಾಗ ಇದೇ ಪಂಪಿನ ಹತ್ತಿರ ನಿಂತಿದ್ದೆ. ಮಂಡಿ ಆಗಲೇ ಹೋಗಿತ್ತು," ಎಂದರು. ಆಮೇಲೆ, "ಕಾಫಿ ಮಾತ್ರ ಚೆನ್ನಾಗಿರುತ್ತೆ ಇಲ್ಲಿ," ಎಂದು ಒಳಗೆ ಹೋಗಿ ಎರಡು ಲೋಟ ತಂದರು. ಸೌತ್ ಕೆರೊಲಿನಾದಲ್ಲಿ ಪೀಚ್ ಹಣ್ಣಿನ ಆಕಾರದ ದೊಡ್ಡ ನೀರಿನ ಟ್ಯಾಂಕ್ ಕಂಡಿತು; ಅದರಾಚೆ ಅಟ್ಲಾಂಟಾದವರೆಗೂ ಮಳೆ.

ಶನಿವಾರ ಆಕಾಶ ತೊಳೆದಿಟ್ಟಂತಿತ್ತು. ಕಾಲೇಜಿನ ಮುಖ್ಯ ಕೋಚ್ ವಾಲ್ಟ್, ಡಾರ್ನೆಲ್‌ರ ಹಳೆಯ ಎದುರಾಳಿ. ಗೋಡೆಯ ಸಾಲಿನವರು. "ಇದೇ ಸಂದರ್ಶನ, ಅರ್ಧ ಗಂಟೆ. ಹುಡುಗರು ನಿನ್ನವರು," ಎಂದು ಮೈದಾನದ ಅಂಚಿನಲ್ಲಿ ಕೈಕಟ್ಟಿ ನಿಂತರು.

ಡಾರ್ನೆಲ್ ಹೇಳಿದ್ದು ಒಂದೇ ಮಾತು: ಹೆಚ್ಚು ಕೆಳಗೆ ಬಗ್ಗಿದವನು ಗೆಲ್ಲುತ್ತಾನೆ. ಹುಡುಗರು ತಲೆಯಾಡಿಸಿದರು, ಶಿಳ್ಳೆ ಬಿದ್ದೊಡನೆ ನೆಟ್ಟಗೆ ಎದ್ದರು. ಮತ್ತೆ ಹೇಳಿದರು, ಮತ್ತೆ ಎದ್ದರು. ಕೊನೆಗೆ ತಾವೇ ಬಗ್ಗಲು ಹೋದರು. ಅರ್ಧಕ್ಕೇ ಮಂಡಿ ನಿಂತಿತು. ಹಣೆಯ ಮೇಲೆ ಬೆವರು ಕಂಡಿತು. ಹುಡುಗರು ಮುಖ ತಿರುಗಿಸಿಕೊಂಡರು.

ಡಾರ್ನೆಲ್ ಮೆಲ್ಲನೆ ನೆಟ್ಟಗಾಗಿ ನನ್ನತ್ತ ನೋಡಿದರು. "ಡಾಕ್, ಬನ್ನಿ ಇಲ್ಲಿ."

ಎದುರಿಗೆ ನಿಲ್ಲಿಸಿದ್ದು ನೂರಮೂವತ್ತು ಕಿಲೋ ತೂಗುವ ಟೆರೆನ್ಸ್ ಎಂಬುವನನ್ನು. "ಮ್ಯಾಮ್, ನಾನು ತಳ್ಳಲ್ಲ," ಎಂದ ಪಾಪ. "ತಳ್ಳಬೇಡ, ಅವರನ್ನು ದಾಟಿ ನಡೆದು ಹೋಗು," ಎಂದರು ಡಾರ್ನೆಲ್. ಅವನು ನೆಟ್ಟಗೆ ನಡೆದು ಬಂದ. ನಾನು ಸೊಂಟ ಇಳಿಸಿ, ಎರಡೂ ಕೈ ಅವನ ಪಕ್ಕೆಲುಬಿನ ಕೆಳಗೆ ಕೊಟ್ಟು, ನೆಲ ಒದ್ದು ಮೇಲಕ್ಕೆ ಎತ್ತಿದೆ. ಅವನ ಭಾರ ಹಿಮ್ಮಡಿಗೆ ಬಂತು. ಒಂದು ಹೆಜ್ಜೆ ಹಿಂದೆ ಹೋದ, ಮತ್ತೊಂದು.

ಮೈದಾನದಲ್ಲಿ ಎದ್ದ ಕೂಗು ಇನ್ನೂ ನನ್ನ ಕಿವಿಯಲ್ಲಿದೆ. "ಈಗ ಅರ್ಥವಾಯ್ತಾ?" ಎಂದು ಡಾರ್ನೆಲ್ ಗುಡುಗಿದರು. ಆಮೇಲೆ ಒಬ್ಬೊಬ್ಬನನ್ನೇ ಕರೆದರು. ಒಬ್ಬನ ಹಿಮ್ಮಡಿ ತಿದ್ದಿದರು, ಇನ್ನೊಬ್ಬನ ಗದ್ದ. ಟೆರೆನ್ಸ್ ಮೂರನೆಯ ಸರದಿಯಲ್ಲಿ ಎದುರಿನವನನ್ನು ಎತ್ತಿ ಆಚೆ ಇಟ್ಟ. ಅರ್ಧ ಗಂಟೆ ಮುಗಿದದ್ದು ಯಾರಿಗೂ ನೆನಪಾಗಲಿಲ್ಲ.

ವಾಲ್ಟ್ ಹತ್ತಿರ ಬಂದರು. "ಅಷ್ಟು ವರ್ಷ ನೀನು ನನ್ನನ್ನು ಹೇಗೆ ಬೀಳಿಸ್ತಿದ್ದೆ ಅಂತ ಇವತ್ತು ಗೊತ್ತಾಯ್ತು. ಸೋಮವಾರ ಕೆಲಸಕ್ಕೆ ಬಾ."

"ಸೋಮವಾರ ಯಾಕೆ? ಹುಡುಗರು ಇಲ್ಲೇ ಇದ್ದಾರಲ್ಲ," ಎಂದರು ಡಾರ್ನೆಲ್.

ಕಾರಿನ ಬಳಿ ಬಂದು ಯವಾನ್‌ಗೆ ಫೋನ್ ಮಾಡಿದರು. ಅವಳ ಖುಷಿಯ ಕಿರುಚಾಟ ನನಗೂ ಕೇಳಿಸಿತು. ಅವರ ಬ್ಯಾಗ್ ಇಳಿಸಿಕೊಟ್ಟೆ. "ದಿನಾ ಎಕ್ಸರ್ಸೈಜ್ ತಪ್ಪಿಸಬಾರದು, ಕೋಚ್." ಅವರು ನನ್ನ ಕೈಯನ್ನು ತಮ್ಮ ಎರಡೂ ಕೈಗಳಲ್ಲಿ ಹಿಡಿದು ಕುಲುಕಿದರು. ಬ್ಯಾಗ್ ಹೆಗಲಿಗೇರಿಸಿ ಮೈದಾನದತ್ತ ನಡೆದರು.

ಪಕ್ಕದ ಸೀಟು ಖಾಲಿಯಾದ ಕಾರಿನಲ್ಲಿ ಗೇಟು ದಾಟುವ ಮೊದಲು ಒಮ್ಮೆ ತಿರುಗಿ ನೋಡಿದೆ. ಅವರು ಆಗಲೇ ಸಾಲಿನ ನಡುವೆ ಇದ್ದರು. ಬಗ್ಗಿ ನಿಂತ ಹುಡುಗನೊಬ್ಬನ ಬೆನ್ನ ಮೇಲೆ ಅಗಲವಾದ ಅಂಗೈ ಇಟ್ಟು, ಇನ್ನೂ ಕೆಳಗೆ, ಇನ್ನೂ ಕೆಳಗೆ ಎಂದು ಒತ್ತುತ್ತಿದ್ದರು.