ಅಕ್ಕನಿಗೆ ಮಾತ್ರ ತಿಳಿಯುತ್ತಿದ್ದ ಬಿಸಿಯುಸಿರಿನ ಬಂಡೆ

ನಾನು ಚಿಕ್ಕವನಿದ್ದಾಗ ಒಂದು ಬಂಡೆ ನನ್ನ ಹೊಟ್ಟೆಯಲ್ಲಿ ಕಿಚ್ಚು ಹಚ್ಚಿತ್ತು ಎಂದರೆ ನೀವು ನಗುತ್ತೀರಿ. ನಗಿ ಮಕ್ಕಳೇ. ಆಗ ನನಗೆ ನಗು ಬಂದಿರಲಿಲ್ಲ.

ಅಕ್ಕೂರಿನ ಕಡೆ ನಮ್ಮ ಹೊಲದ ಹಿಂದೆ ಒಂದು ಬೋಳು ಗುಡ್ಡವಿತ್ತು. ಅದರ ಬುಡದ ಬಂಡೆಯಲ್ಲಿ ನನ್ನ ಎದೆಮಟ್ಟಕ್ಕೆ ಒಂದು ಸೀಳು. ಚಳಿಗಾಲದ ಒಂದು ಬೆಳಿಗ್ಗೆ ಒಲೆಗೆ ಪುರಳೆ, ಒಣ ಕಡ್ಡಿ ಆರಿಸಲು ಹೋಗಿದ್ದ ಅಕ್ಕನ ಕೆನ್ನೆಗೆ ಆ ಸೀಳಿನಿಂದ ಬೆಚ್ಚನೆಯ ಗಾಳಿ ತಾಗಿತಂತೆ. ಕಿವಿಯಿಟ್ಟರೆ ಒಳಗೆ ಗುಂಯ್ ಎನ್ನುವ ಸದ್ದು. ಬಚ್ಚಲ ಹಂಡೆಯಲ್ಲಿ ನೀರು ಕಾಯುವಾಗ ಬರುತ್ತದಲ್ಲ, ಹಾಗೆ.

ಅವಳು ಅಪ್ಪನನ್ನು ಕರೆತಂದಳು. ಅಪ್ಪ ಸೀಳಿಗೆ ಅಂಗೈ ಒಡ್ಡಿ, ಕಣ್ಣು ಮುಚ್ಚಿ ಬಹಳ ಹೊತ್ತು ನಿಂತ. "ಬೆಟ್ಟ ಉಸಿರಾಡ್ತಾ ಐತೆ ಕಣವ್ವ" ಎಂದು ಅವಳ ತಲೆ ಸವರಿದ. ಹಿಂದಿನ ದಿನ ತಾನೇ ನಾನು ಮೊಳಕೈ ಉದ್ದದ ಹಾವಿನ ಪೊರೆಯೊಂದನ್ನು ತಂದು ತೋರಿಸಿದ್ದೆ. ಅಪ್ಪ "ಹೂಂ" ಎಂದವನೇ ಮತ್ತೆ ಸೊಪ್ಪು ಹೆಚ್ಚತೊಡಗಿದ್ದ.

ನಮ್ಮದು ರೇಷ್ಮೆ ಹುಳು ಸಾಕುವ ಮನೆ. ಆ ವರ್ಷ ಚಳಿಗೆ ಮರಿಹುಳುಗಳು ಸೊಪ್ಪು ಮುಟ್ಟದೆ ಮಂಕಾಗಿದ್ದವು. ಬೆಂಕಿ ಹಾಕಿದರೆ ಹೊಗೆ ಅವಕ್ಕೆ ಆಗುವುದಿಲ್ಲ. ಅಪ್ಪ ಬಂಡೆಗೆ ಒತ್ತಿಕೊಂಡು ತೆಂಗಿನಗರಿಯ ಒಂದು ಗುಡಿಸಲು ಕಟ್ಟಿ, ಹುಳುಗಳ ತಟ್ಟೆಗಳನ್ನು ಅಲ್ಲಿಗೆ ಸಾಗಿಸಿದ. ಎರಡೇ ದಿನದಲ್ಲಿ ಹುಳುಗಳು ಚುರುಕಾದವು. ಅವು ಸೊಪ್ಪು ಮೇಯುವ ಚರಚರ, ಬಂಡೆಯ ಗುಂಯ್, ಹಿಪ್ಪುನೇರಳೆ ಎಲೆಯ ಹಸಿ ವಾಸನೆ ಆ ಗುಡಿಸಲಿನ ತುಂಬ.

ಅಲ್ಲಿನ ಯಜಮಾನಿಕೆಯೆಲ್ಲ ಅಕ್ಕನದೇ. ಬಂಡೆಗೆ ಕಿವಿಗೊಟ್ಟು, "ಸದ್ದು ದಪ್ಪ ಆಯ್ತು ಕಣಪ್ಪ, ಒಸಿ ಹೊತ್ಗೆ ಕಾವು ಜಾಸ್ತಿ ಆಯ್ತದೆ. ತಟ್ಟೆ ಹಿಂದಕ್ಕೆ ಎಳಿ" ಎನ್ನುವಳು. ಯಾರ ಮಾತನ್ನೂ ಕೇಳದ ಅಪ್ಪ ತಟ್ಟೆ ಎಳೆಯುತ್ತಿದ್ದ. ಅವಳು ಹೇಳಿದಂತೆಯೇ ಕಾವು ಏರುತ್ತಿತ್ತು. ನಾನೂ ಕಿವಿಯಿಟ್ಟೆ. ಎಷ್ಟು ಸಲ ಇಟ್ಟರೂ ಅದೇ ಗುಂಯ್. ಒಮ್ಮೆ ಸುಮ್ಮನೆ "ದಪ್ಪ ಆಯ್ತು!" ಎಂದೆ. ಅಪ್ಪ ಅಕ್ಕನ ಮುಖ ನೋಡಿದ. ಅವಳು ಇಲ್ಲವೆಂದು ತಲೆಯಾಡಿಸಿದಳು. ಅಪ್ಪ ಎದ್ದೇಳಲೇ ಇಲ್ಲ.

ಮಾರನೆಯ ದಿನ ಬೆಳಿಗ್ಗೆ ಅವಳೂ ಅಪ್ಪನೂ ಊಟಕ್ಕೆ ಮನೆಗೆ ಹೋದದ್ದೇ ತಡ, ಕಾಲುವೆಯಿಂದ ಜೇಡಿಮಣ್ಣು ತಂದು ಉಂಡೆ ಮಾಡಿ ಸೀಳಿಗೆ ತುರುಕಿದೆ. ನನ್ನ ಸಣಕಲು ಕೈ ಮಾತ್ರ ತೂರುವಷ್ಟು ಕಿರಿದಾದ ಸೀಳು ಅದು. ತೋಳು ಹೋಗುವಷ್ಟು ಆಳಕ್ಕೆ, ಹೊರಗಿನವರಿಗೆ ಕಾಣದಂತೆ ಮೆತ್ತಿದೆ. ಸದ್ದು ಸಣ್ಣದಾಯಿತು, ಇಲಿಯಂತೆ ಕೀಚೆಂದಿತು, ನಿಂತಿತು. ಓಡಿ ಮನೆಗೆ ಬಂದು ಉಣ್ಣಲು ಕೂತೆ. ಅಂದಿನ ಮುದ್ದೆಯಷ್ಟು ರುಚಿ ಯಾವತ್ತೂ ಇರಲಿಲ್ಲ.

ಸಂಜೆ ಹೋಗಿ ನೋಡಿದರೆ ಅಕ್ಕ ಬಂಡೆಗೆ ಕೆನ್ನೆಯೊತ್ತಿ ಕೂತಿದ್ದಳು. ತಟ್ಟೆಗಳು ತಣ್ಣಗಿದ್ದವು, ಸೊಪ್ಪು ಹಾಗೇ ಬಾಡಿತ್ತು. "ಹೆಣ್ ಮಗು ಮಾತು ಕೇಳ್ಕೊಂಡು ಹುಳ ತಂದು ಕಲ್ ತಾವ ಮಡಗುದ್ರೆ ಇನ್ನೇನಾದದು?" ಎಂದು ಪಕ್ಕದ ಹೊಲದವರು ಅಪ್ಪನನ್ನು ಕೇಳುತ್ತಿದ್ದರು. ಅಪ್ಪ ತಟ್ಟೆಗಳನ್ನು ಮನೆಗೆ ಸಾಗಿಸಲು ಗಾಡಿ ತರುತ್ತೇನೆಂದು ಹೊರಟ.

ಅಕ್ಕ ನನ್ನತ್ತ ತಿರುಗಿದಳು. "ನಾನೇನೋ ತಪ್ಪು ಮಾಡ್ಬುಟ್ಟೆ ಕಣ್ಲಾ. ಅದು ನನ್ ಮೇಲೆ ಮುನಿಸ್ಕೊಂಡೈತೆ."

ಅವಳು ಸೋಲಬೇಕೆಂದು ಬಯಸಿದ್ದೆ. ಸೋತ ಅಕ್ಕ ಹೇಗಿರುತ್ತಾಳೆಂದು ಗೊತ್ತಿರಲಿಲ್ಲ. ಸೊಪ್ಪು ಕೊಯ್ಯುವ ಕುಡುಗೋಲು ತಗೊಂಡು ಸೀಳಿಗೆ ತೋಳು ತೂರಿಸಿದೆ. ಒಳಗಿನ ಕಾವಿಗೆ ಮಣ್ಣು ಇಟ್ಟಿಗೆಯಾಗಿತ್ತು. ಕೆರೆದಂತೆಲ್ಲ ಬಿಸಿ ಏರಿ ಅಂಗೈ ಬೊಕ್ಕೆಯೆದ್ದಿತು. ನಾನು ಅಳುತ್ತಾ ಕೆರೆಯುವುದನ್ನು ಅಕ್ಕ ನೋಡಿದಳು. ನನ್ನ ಉಗುರಿನ ಸಂದಿಯಲ್ಲಿ ಒಣಗಿದ್ದ ಮಣ್ಣನ್ನೂ ನೋಡಿದಳು. ನನ್ನ ಸೊಂಟ ಹಿಡಿದು ಹಿಂದಕ್ಕೆಳೆದಳು. ಹೆಂಟೆಯೊಂದು ಕಿತ್ತು ನನ್ನ ಕೈಗೆ ಬಂತು. ಬಿಸಿಗಾಳಿ ಭೋರೆಂದು ಮುಖಕ್ಕೆ ರಾಚಿತು. ಗುಂಯ್ ಮತ್ತೆ ಶುರುವಾಯಿತು.

ಅಪ್ಪ ಗಾಡಿಯೊಂದಿಗೆ ಬಂದಾಗ ಒಂದು ತಟ್ಟೆಯ ಹುಳುಗಳು ಸತ್ತಿದ್ದವು, ಉಳಿದವು ತಲೆಯೆತ್ತಿದ್ದವು. "ಏನಾಗಿತ್ತವ್ವ?" ಎಂದ.

"ಒಳ್ಗೆ ಮಣ್ಣು ಕಟ್ಕೊಂಡಿತ್ತು ಕಣಪ್ಪ. ತಮ್ಮ ಕೈ ಸುಟ್ಕೊಂಡು ತೆಗ್ದ" ಎಂದಳು ಅಕ್ಕ.

ಅಪ್ಪ ನನ್ನ ಬೆನ್ನು ತಟ್ಟಿದ. ಎಷ್ಟು ದಿನದಿಂದ ಕಾದಿದ್ದೆ ಅದಕ್ಕೆ! ಆದರೆ ಆ ಗಳಿಗೆಯಲ್ಲಿ ಅಕ್ಕನ ಮೇಲೆ ಹಿಂದೆಂದಿಗಿಂತ ಹೆಚ್ಚು ಹೊಟ್ಟೆಕಿಚ್ಚಾಯಿತು. ಅಷ್ಟು ಸಲೀಸಾಗಿ ನನ್ನನ್ನು ಉಳಿಸಿದಳಲ್ಲ, ಅವಳ ಜಾಗದಲ್ಲಿ ನಾನಿದ್ದಿದ್ದರೆ ಉಳಿಸುತ್ತಿದ್ದೆನೇ? ಇಷ್ಟರಲ್ಲಾದರೂ ಅವಳಿಗೆ ಸಮನಾಗಬೇಕು ಅನ್ನಿಸಿತು. ಕೈಯಲ್ಲಿದ್ದ ಹೆಂಟೆಯನ್ನು ಅಪ್ಪನ ಮುಂದೆ ಹಿಡಿದೆ. ಅದರ ಮೇಲೆ ಮೂಡಿದ್ದ ಬೆರಳ ಗುರುತುಗಳಲ್ಲಿ ನನ್ನ ಬೆರಳುಗಳನ್ನು ಇಟ್ಟೆ.

ಅಪ್ಪ ಹೆಂಟೆಯನ್ನು ಇಸಿದುಕೊಂಡು ತಿರುಗಿಸಿ ನೋಡಿದ. "ಸತ್ತ ಹುಳಗಳ್ನ ನೀನೇ ಮಣ್ ಮಾಡು" ಎಂದ. ಆಮೇಲೆ ನನ್ನ ಅಂಗೈಗೆ ಲೋಳೆಸರ ಹಿಂಡುತ್ತಾ, "ನಾಳಿಂದ ಇಬ್ರೂ ಇಲ್ಲೇ ಕೂತ್ಕಳಿ. ಕಿವಿ ಅವಳ್ದು, ಕೈ ನಿಂದು" ಎಂದ.

ಈಗ ಆ ಬಂಡೆ ತಣ್ಣಗಾಗಿ ಎಷ್ಟೋ ವರ್ಷವಾಯಿತು. ಯಾಕೆಂದು ಯಾರಿಗೂ ಗೊತ್ತಿಲ್ಲ. ಹುಳುಮನೆಗಳಿಗೆ ಕರೆಂಟಿನ ಹೀಟರ್ ಬಂದಿದೆ, ಕಾವು ಎಷ್ಟೆಂದು ಗೋಡೆಯ ಮೀಟರ್ ಹೇಳುತ್ತದೆ. ಅಕ್ಕ ಮಾಗಡಿಯಲ್ಲಿದ್ದಾಳೆ. ರಜೆಗೆ ಬಸ್ಸು ಹತ್ತಿ ಅವಳ ಮನೆಗೆ ಹೋದರೆ ನೀವು ಈ ತಾತನನ್ನು ಮರೆತೇಬಿಡುತ್ತೀರಿ. ಅದಕ್ಕೂ ನನಗೆ ಸ್ವಲ್ಪ ಹೊಟ್ಟೆಕಿಚ್ಚಿದೆ, ಸುಳ್ಳೇಕೆ ಹೇಳಲಿ?

ಬಿಡದಿಯ ಈ ನಿಮ್ಮ ಮನೆಯಲ್ಲಿ ನಿಮ್ಮಿಬ್ಬರಿಗೂ ಬೇರೆ ಬೇರೆ ಮೇಜು, ಚಿತ್ರ ಬರೆಯುವ ಬಣ್ಣದ ಪೆಟ್ಟಿಗೆಯೂ ಬೇರೆ ಬೇರೆ. ಆದರೂ ನಿಮ್ಮಲ್ಲೊಬ್ಬರ ಬಹುಮಾನ ಬಂದ ಚಿತ್ರದ ಮೇಲೆ ನಿನ್ನೆ ನೀರು ಚೆಲ್ಲಿತ್ತು. ಯಾರು ಚೆಲ್ಲಿದ್ದೆಂದು ನಾನು ಕೇಳುವುದಿಲ್ಲ. ಹೊಸ ಹಾಳೆ ತಂದು ನನ್ನ ದಿಂಬಿನ ಪಕ್ಕ ಇಟ್ಟಿದ್ದೇನೆ. ಬೇಕಾದವರು ಬಂದು ತೆಗೆದುಕೊಳ್ಳಿ.