ನಾಲ್ಕನೆಯ ಗುರುತು

ಪಕ್ಕದ ಮನೆಯ ಅಜ್ಜಿಯ ಬಲಗೈ ಮೇಲೆ, ಮಣಿಕಟ್ಟಿನಿಂದ ಮೊಣಕೈವರೆಗೆ, ಚಿಟಿಕೆ ರವೆ ಉದುರಿಸಿದಂತೆ ಬಿಳಿ ಚುಕ್ಕೆಗಳಿದ್ದವು. ನಾನು ನರ್ಸ್. ಎಲ್ಲಿ ಕಲೆ ಕಂಡರೂ ಕಣ್ಣು ತಾನಾಗಿ ಅಲ್ಲಿಗೇ ಹೋಗುತ್ತದೆ. ನ್ಯೂಜಿಲೆಂಡಿನ ಹ್ಯಾಮಿಲ್ಟನ್ನಿನ ಆ ಬಾಡಿಗೆ ಮನೆಗೆ ನಾವು ಬಂದ ವಾರವೇ ಬೇಲಿಯ ಮೇಲಿಂದ ಟೊಮೆಟೊ ಚೀಲ ಚಾಚಿದ ಆ ಕೈ ನೋಡಿ, "ಇದೇನು ಆಂಟಿ?" ಎಂದು ಕೇಳಿಯೇಬಿಟ್ಟೆ.

"ಸುಟ್ಟದ್ದು. ಸಣ್ಣಾಕಿ ಇದ್ದಾಗ," ಎಂದಳು. ಅಡುಗೆಮನೆಯಲ್ಲಿ ಎಣ್ಣೆ ಸಿಡಿದಿರಬೇಕು ಅಂದುಕೊಂಡು ಚೀಲ ತೆಗೆದುಕೊಂಡೆ.

ಅಜ್ಜಿ ಇಟಲಿಯ ಪಲೆರ್ಮೊ ಊರಿನವಳು. ಹತ್ತೊಂಬತ್ತಕ್ಕೆ ಮದುವೆಯಾಗಿ, ಹಡಗು ಹತ್ತಿ ನ್ಯೂಜಿಲೆಂಡಿಗೆ ಬಂದವಳು ಒಮ್ಮೆಯೂ ತಿರುಗಿ ಹೋಗಿರಲಿಲ್ಲ. ಗಂಡ ತೀರಿಕೊಂಡಿದ್ದ, ಮಗ ವೆಲಿಂಗ್ಟನ್ನಿನಲ್ಲಿದ್ದ. ಅವಳ ಇಂಗ್ಲಿಷಿಗೆ ಹಿಂದುಮುಂದು ಅನ್ನುವುದಿರಲಿಲ್ಲ, ಅರ್ಧ ಮಾತು ಕೈಯಲ್ಲೇ ಆಡುತ್ತಿದ್ದಳು. ನನ್ನ ಕಿವಿಗೆ ಮಾತ್ರ ಅದು ನಮ್ಮ ಗದಗಿನ ಮಾತಿನಂತೆಯೇ ಕೇಳುತ್ತಿತ್ತು. ಹಾಗೇ ಬರೆಯುತ್ತಿದ್ದೇನೆ, ಇಂಗ್ಲಿಷಿನಲ್ಲಿ ಬರೆದರೆ ಅದು ಅವಳ ಮಾತು ಅನ್ನಿಸುವುದಿಲ್ಲ.

ಮೊದಮೊದಲು ನನ್ನ ಮಕ್ಕಳಿಗೆ ಡೈರಿಯಿಂದ, ಅಂದರೆ ಇಲ್ಲಿನ ಮೂಲೆಯಂಗಡಿಯಿಂದ, ಬಣ್ಣಬಣ್ಣದ ಮಿಠಾಯಿ ತಂದುಕೊಡುತ್ತಿದ್ದಳು. ಅದರಲ್ಲಿ ಜೆಲಟಿನ್ ಇರುತ್ತದೆ, ಅದು ಹಂದಿಯದೂ ಆಗಿರಬಹುದು, ನಾವು ಮುಸ್ಲಿಮರು ತಿನ್ನುವುದಿಲ್ಲ ಎಂದು ಸಂಕೋಚದಿಂದ ಹೇಳಿದೆ. ಬೇಜಾರು ಮಾಡಿಕೊಂಡಾಳು ಅಂದುಕೊಂಡಿದ್ದೆ. ಮರುದಿನದಿಂದ ಅಜ್ಜಿಯ ಕೊರಳಲ್ಲಿ ದಾರಕ್ಕೆ ಕಟ್ಟಿದ ಭೂತಕನ್ನಡಿ ನೇತಾಡತೊಡಗಿತು! ಅಂಗಡಿಯಲ್ಲಿ ಪೊಟ್ಟಣದ ಸಣ್ಣಕ್ಷರಗಳನ್ನೆಲ್ಲ ಓದಿ, ಮನೆಗೆ ಬಂದು ಮತ್ತೊಮ್ಮೆ ಓದಿ, ಆಮೇಲೆ ಮಕ್ಕಳ ಕೈಗೆ ಕೊಡುತ್ತಿದ್ದಳು. ನಾನೇ ಅಷ್ಟು ನೋಡುತ್ತಿರಲಿಲ್ಲ, ಸುಳ್ಳು ಯಾಕೆ ಹೇಳಲಿ.

ಎರಡು ಸಾವಿರದ ಇಸವಿ ದಾಟಿ ಐದಾರು ವರ್ಷವಾಗಿತ್ತು. ಹಾಲಿನ ಸಂಶೋಧನೆಯ ಕೆಲಸದಲ್ಲಿದ್ದ ನನ್ನ ಗಂಡನಿಗೆ ಪಲೆರ್ಮೊದಲ್ಲಿ ನಾಲ್ಕು ದಿನದ ಸಭೆಯೊಂದು ಬಂತು. ರಜೆ ಹಾಕಿ, ಮಕ್ಕಳನ್ನು ತಂಗಿಯ ಮನೆಯಲ್ಲಿ ಬಿಟ್ಟು ನಾನೂ ಹೊರಟೆ. ಸುದ್ದಿ ಕೇಳಿ ಅಜ್ಜಿ ಕುರ್ಚಿ ಎಳೆದು ನನ್ನೆದುರು ಕೂತಳು. ಅವಳ ಹೃದಯ ಸೋತಿತ್ತು, ವಿಮಾನದ ಮಾತೇ ಎತ್ತಬೇಡ ಎಂದು ಡಾಕ್ಟರು ಹೇಳಿದ್ದರು.

"ನನ್ನ ಬದ್ಲಿ ನೀ ತಿಂದು ಬಾ ಮಗಳ. ಬಂದು ಎಲ್ಲಾ ಹೇಳು. ನಿಂತು ತಿನ್ನಬೇಕು. ಕುಂತರ ಬರೀ ಹೊಟ್ಟಿಗೆ ಹೊಕ್ಕೈತಿ."

ಹೊರಡುವ ಹಿಂದಿನ ದಿನ ಒಂದು ಹಾಳೆ ಕೊಟ್ಟಳು. ಮುಂದೆ ಐದು ತಿನಿಸುಗಳ ಪಟ್ಟಿ, ಹಿಂದೆ ಹಳೆ ಸಂತೆಯ ನಕ್ಷೆ, ನಕ್ಷೆಯಲ್ಲಿ ಐದು ಗುಣಿಸು ಗುರುತು. ಆದರೆ ಪಟ್ಟಿಯ ನಾಲ್ಕನೆಯ ಸಾಲನ್ನು ಹಾಳೆ ಹರಿಯುವಷ್ಟು ಒತ್ತಿ ಕಪ್ಪಗೆ ಗೀಚಿಬಿಟ್ಟಿದ್ದಳು.

"ಇದೇನು ಆಂಟಿ?"

"ಅದು ನಿನಗಲ್ಲ, ಬಿಡು."

ವೈನ್ ಇರಬೇಕು ಅಂದುಕೊಂಡೆ.

ಪಲೆರ್ಮೊದಲ್ಲಿ ನನಗೆ ತಲೆಬುಡ ಒಂದೂ ತಿಳಿಯಲಿಲ್ಲ. ಒಂದನೆಯದು ಗ್ರಾನೀತಾ: ಪುಡಿಪುಡಿ ನಿಂಬೆಯ ಮಂಜುಗಡ್ಡೆ, ಜೊತೆಗೆ ಬನ್ನು. ಅದೂ ಬೆಳಗಿನ ನಾಷ್ಟಾಕ್ಕೆ! ಅಮ್ಮ ನೋಡಿದ್ದರೆ ಶೀತವಾಗುತ್ತದೆಂದು ಬೆನ್ನಿಗೆ ಎರಡು ಬಾರಿಸುತ್ತಿದ್ದಳು. "ಬನ್ನು ಬೆಣ್ಣೆಯದೇ ಕೇಳು, ಬೇರೆ ಕೊಬ್ಬಿನದು ಬೇಡ" ಎಂದು ಅಜ್ಜಿ ಪಕ್ಕದಲ್ಲಿ ಬರೆದಿದ್ದಳು. ಎರಡನೆಯದು ಬಾದಾಮಿ ಹಾಲು. ಬಿಸಿಯಾಗಿ ಹಳದಿಯಾಗಿ ಬರುತ್ತದೆಂದು ಕಾದರೆ ತಣ್ಣಗೆ ಬೆಳ್ಳಗೆ ಬಂತು, ಹಾಲಿನ ಹನಿಯೂ ಇಲ್ಲ, ಬಾದಾಮಿ ಅರೆದ ಸಿಹಿನೀರು. ಮೂರನೆಯದು ಪನೆಲ್ಲೆ, ಕಡಲೆಹಿಟ್ಟನ್ನು ಕುದಿಸಿ ಆರಿಸಿ ಕತ್ತರಿಸಿ ಕರಿದ ತೆಳು ಬಿಲ್ಲೆಗಳು, ಅದನ್ನು ಬ್ರೆಡ್ಡಿನೊಳಗೆ ತುಂಬಿ ನಿಂಬೆ ಹಿಂಡುತ್ತಾರೆ. ಒಂದು ತುತ್ತು ಬಾಯಿಗಿಟ್ಟಾಗ ಗದಗಿನ ಬಸ್‌ಸ್ಟ್ಯಾಂಡಿನ ಬಜಿ ನೆನಪಾಗಿ, ನಿಂತಲ್ಲೇ ಕಣ್ಣು ಒದ್ದೆಯಾಯಿತು. ಯಾವ ಊರಿಗೆ ಬಂದಿದ್ದೇನೆ, ಯಾರ ಬದಲು ತಿನ್ನುತ್ತಿದ್ದೇನೆ ಎಂಬುದೇ ಕಲಸುಮೇಲೋಗರವಾಯಿತು.

ಐದನೆಯದು ಈರುಳ್ಳಿ ಟೊಮೆಟೊ ಹಾಕಿದ ದಪ್ಪ ರೊಟ್ಟಿ. ಅದರ ಗುರುತಿನತ್ತ ನೆಟ್ಟಗೆ ಹೋಗಬೇಕಿತ್ತು ನಾನು. ಆದರೆ ಸಾಲು ಗೀಚಿದ ಅಜ್ಜಿ ನಕ್ಷೆಯ ಮೇಲಿನ ನಾಲ್ಕನೆಯ ಗುರುತನ್ನು ಹಾಗೇ ಬಿಟ್ಟಿದ್ದಳು. ಬೇಡ ಅಂದದ್ದನ್ನು ನೋಡದೆ ಬರುವ ಜಾಯಮಾನ ನನ್ನದಲ್ಲ. ಹೋದೆ.

ಕಲ್ಲಿನ ಕಮಾನಿನ ಕೆಳಗೆ ಒಬ್ಬ, ಓರೆಯಾಗಿ ಇಟ್ಟ ದೊಡ್ಡ ಪಾತ್ರೆಯ ಮುಂದೆ ನಿಂತು ಏನೋ ಹುರಿಯುತ್ತಿದ್ದ. ದಟ್ಟ ಹೊಗೆ. ನನ್ನನ್ನು ಕಂಡು ಏನೋ ಕೇಳಿದ. ಪಕ್ಕದಲ್ಲಿದ್ದ ಕಾಲೇಜು ಹುಡುಗಿ ಇಂಗ್ಲಿಷಿನಲ್ಲಿ, "ಮದುವೆಯಾದದ್ದು ಬೇಕೋ, ಆಗದಿದ್ದದ್ದೋ ಅಂತ ಕೇಳ್ತಿದ್ದಾನೆ" ಎಂದಳು. ನನಗೆ ರೇಗಿಹೋಯಿತು. "ನನಗೆ ಮದುವೆಯಾಗಿ ಎರಡು ಮಕ್ಕಳಿವೆ, ಇವನಿಗ್ಯಾಕೆ ಬೇಕು ಆ ಉಸಾಬರಿ?" ಎಂದೆ. ಹುಡುಗಿ ನಕ್ಕು ನಕ್ಕು ಸುಸ್ತಾದಳು. ಬರೀ ನಿಂಬೆ ಹಿಂಡಿದ್ದು ಮದುವೆಯಾಗದ್ದು, ಚೀಸ್ ಹಾಕಿದ್ದು ಮದುವೆಯಾದದ್ದು ಅಂತೆ! ಹುರಿಯುತ್ತಿದ್ದದ್ದು ದನದ ಗುಲ್ಮ, ಅಂದರೆ ಸ್ಪ್ಲೀನ್, ನಮ್ಮ ಮನೆಗಳಲ್ಲಿ ತಿಲ್ಲಿ ಅನ್ನುತ್ತೇವಲ್ಲ, ಅದು. ಬಕ್ರೀದಿಗೆ ಕುರಿಯ ತಿಲ್ಲಿಗಾಗಿ ಅಣ್ಣನ ಜೊತೆ ಜಗಳವಾಡಿದವಳು ನಾನು, ಬಾಯಲ್ಲಿ ನೀರೂರಿತು. "ಹುರಿಯೋದು ಯಾತರಲ್ಲಿ?" ಎಂದೆ. "ಹಂದಿ ಕೊಬ್ಬಿನಲ್ಲಿ," ಎಂದಳು ಹುಡುಗಿ. ತೌಬಾ ತೌಬಾ ಎನ್ನುತ್ತ ಓಢಣಿಯಿಂದ ಮೂಗು ಮುಚ್ಚಿಕೊಂಡು ಅಲ್ಲಿಂದ ಓಡಿದೆ.

ಹ್ಯಾಮಿಲ್ಟನ್ನಿಗೆ ಮರಳಿದ ದಿನವೇ ಅಜ್ಜಿಯ ಅಡುಗೆಮನೆಯಲ್ಲಿ ಕೂತೆ. ಅವಳು ಪೊಲೀಸರ ಹಾಗೆ ವಿಚಾರಿಸಿದಳು. ಗ್ರಾನೀತಾ ಲೋಟದಲ್ಲಿ ಕೊಟ್ಟರೋ, ತಟ್ಟೆಯಲ್ಲೋ? ಪನೆಲ್ಲೆಯ ಅಂಚು ಗರಿಗರಿಯಾಗಿತ್ತೋ? ನಾನು ಹೇಳಿದಷ್ಟೂ ಅವಳ ಬಾಯಿ ಸುಮ್ಮನೆ ಅಗಿಯುತ್ತಿತ್ತು. ನನಗೂ ಉಮೇದು ಬಂತು.

"ಆಂಟಿ, ನಾ ನಿಮ್ಮ ನಾಲ್ಕನೇ ಗುರುತಿಗೂ ಹೋಗಿದ್ದೆ! ಯಪ್ಪಾ, ಏನು ನಾತ ಅದು! ಛೀ! ಹಂದಿ ಕೊಬ್ಬಂತ. ಓಡಿ ಬಂದೆ ನೋಡ್ರಿ. ಓಢಣಿಗೆಲ್ಲಾ ಹತ್ತಿಬಿಟ್ಟೈತಿ."

ಅಜ್ಜಿಯ ಬಾಯಿ ಅಗಿಯುವುದನ್ನು ನಿಲ್ಲಿಸಿತು.

"ಓಢಣಿ ಎಲ್ಲೈತಿ?"

"ಪ್ಲಾಸ್ಟಿಕ್ ಚೀಲದಾಗ ಕಟ್ಟಿ ಇಟ್ಟೇನಿ. ಒಗೀಬೇಕು."

"ತಗೊಂಡು ಬಾ. ನಾ ಒಗದು ಕೊಡ್ತೀನಿ."

"ನೀವ್ಯಾಕ್ರಿ ಆಂಟಿ, ನಮ್ಮನ್ಯಾಗ ಮಷಿನ್ ಐತಿ."

"ತಗೊಂಡು ಬಾ ಅಂದೆ."

ಅಷ್ಟು ಬಿರುಸಾಗಿ ಅವಳು ಯಾವತ್ತೂ ಮಾತಾಡಿರಲಿಲ್ಲ. ಕೋಪ ಬಂದಿದೆಯೋ ಏನೋ ತಿಳಿಯದೆ, ತಂದುಕೊಟ್ಟೆ. ವಾರವಾಯಿತು, ತಿಂಗಳಾಯಿತು, ಓಢಣಿ ಬರಲಿಲ್ಲ. ಅದು ಅಮ್ಮ ಕಸೂತಿ ಹಾಕಿಕೊಟ್ಟದ್ದು. ಒಮ್ಮೆ ಕೇಳಿದೆ. "ಇನ್ನೂ ಒಣಗಿಲ್ಲ," ಎಂದಳು. ಹೊರಗೆ ಸುಡುಬಿಸಿಲು! ಎರಡನೆಯ ಸಲವೂ ಅದೇ ಉತ್ತರ. ನನಗೆ ಸಿಟ್ಟು, ಗೊಂದಲ ಎರಡೂ. ಇಷ್ಟು ವರ್ಷ ಟೊಮೆಟೊ ಕೊಟ್ಟ ಕೈ ಒಂದು ಓಢಣಿಯನ್ನು ಯಾಕೆ ಹಿಡಿದಿಟ್ಟುಕೊಳ್ಳುತ್ತದೆ?

"ಏ ಹುಚ್ಚಿ, ವಯಸ್ಸಾಗೇತಿ, ಮರ್ತಿರ್ತಾಳ," ಎಂದ ನನ್ನ ಗಂಡ. "ಒಂದು ಓಢಣಿ ಸಲುವಾಗಿ ಮುದುಕಿ ಜೀವಾ ತಿಂತಿಯೇನು?"

ಮೂರನೆಯ ಸಲ ಕೇಳಲಿಲ್ಲ. ಆದರೆ ಬೇಲಿಯ ಹತ್ತಿರ ನಿಲ್ಲುವುದನ್ನು ಕಡಿಮೆ ಮಾಡಿದೆ.

ಮಂಜು ಮುಸುಕಿದ ಒಂದು ಚಳಿಗಾಲದ ಬೆಳಿಗ್ಗೆ ಅಜ್ಜಿ ಹೋಗಿಬಿಟ್ಟಳು. ಮಣ್ಣು ಮಾಡಿದ ಮೂರನೆಯ ದಿನ ವೆಲಿಂಗ್ಟನ್ನಿನ ಮಗ ನಮ್ಮ ಬಾಗಿಲಿಗೆ ಬಂದ, ಕೈಯಲ್ಲಿ ಬಿಸ್ಕತ್ತಿನ ಡಬ್ಬಿ. ಮುಚ್ಚಳದ ಸುತ್ತ ಟೇಪು. ಒಳಗೆ ನಾನು ಕಟ್ಟಿದ್ದ ಅದೇ ಪ್ಲಾಸ್ಟಿಕ್ ಚೀಲ, ಅದರೊಳಗೆ ಓಢಣಿ. ನೀರು ಮುಟ್ಟಿಸಿರಲಿಲ್ಲ.

"ಕೊನೆಯ ತಿಂಗಳು ಇದನ್ನ ದಿಂಬಿನ ಪಕ್ಕದಲ್ಲೇ ಇಟ್ಕೊಂಡಿದ್ದಳು," ಎಂದ ಅವನು. "ದಿನಕ್ಕೆ ಒಂದೇ ಸಲ ತೆಗೀತಿದ್ದಳು. ಜಾಸ್ತಿ ತೆಗೆದರೆ ವಾಸನೆ ಹೋಗ್ತದೆ ಅಂತ."

ಯಾವ ವಾಸನೆ ಎಂದು ನಾನು ಪೆದ್ದಿಯ ಹಾಗೆ ಕೇಳಿದೆ.

ಆಗ ಹೇಳಿದ. ಆ ಕಮಾನಿನ ಕೆಳಗೆ ಗುಲ್ಮ ಹುರಿದು ಮಾರುತ್ತಿದ್ದವನು ಅಜ್ಜಿಯ ಅಪ್ಪ. ಏಳು ವರ್ಷದವಳಿದ್ದಾಗಿನಿಂದ ಪಾತ್ರೆಯ ಪಕ್ಕ ನಿಂತು ಬ್ರೆಡ್ಡು ಸೀಳಿ ಕೊಡುತ್ತಿದ್ದದ್ದು ಅವಳ ಕೆಲಸ. ಕೈಮೇಲಿನ ಚುಕ್ಕೆಗಳು ಆಗ ಸಿಡಿದ ಕೊಬ್ಬಿನವು. ಹಡಗು ಹತ್ತಿದ ಮೇಲೆ ಅಪ್ಪನನ್ನು ಮತ್ತೆ ನೋಡಲಿಲ್ಲ. ನನಗೆ ಪಟ್ಟಿ ಬರೆಯುವಾಗ ಮೊದಲು ಬರೆದದ್ದೇ ಆ ಸಾಲಂತೆ. ಆಮೇಲೆ ಫೋನಿನಲ್ಲಿ ಮಗನಿಗೆ ಹೇಳಿದ್ದಳಂತೆ: ನನಗಾಗಿ ಅಂತ ಆಕಿ ಕಣ್ಣು ಮುಚ್ಚಿ ತಿಂದುಬಿಟ್ಟರ? ಆಕಿಗೆ ಅದು ಕೂಡದು.

ಅವನು ಹೋದ ಮೇಲೆ ಚೀಲ ಬಿಚ್ಚಿ ಓಢಣಿಯನ್ನು ಮುಖಕ್ಕೆ ಒತ್ತಿಕೊಂಡೆ. ಏನೂ ಉಳಿದಿರಲಿಲ್ಲ, ಅಜ್ಜಿಯ ಕೈಯ ಸಾಬೂನಿನ ವಾಸನೆ ಬಿಟ್ಟರೆ. ಅವಳ ಅಪ್ಪನ ವಾಸನೆಗೆ, ಅವಳ ಅಡುಗೆಮನೆಯಲ್ಲೇ ಕೂತು, ನಾನು ಛೀ ಅಂದಿದ್ದೆ. ನಕ್ಷೆಯ ಮೇಲಿನ ಗುರುತನ್ನು ಅಳಿಸಲು ಮರೆತಳೋ, ಬೇಕೆಂದೇ ಬಿಟ್ಟಳೋ, ಇವತ್ತಿಗೂ ನನಗೆ ತಿಳಿದಿಲ್ಲ. ಒಂದು ಮಾತು ಹೇಳಬಾರದಿತ್ತೇ ಆಂಟಿ? ತಿನ್ನುತ್ತಿರಲಿಲ್ಲ, ನಿಜ. ಆದರೆ ಆ ಕಮಾನಿನ ಕೆಳಗೆ ಒಂದು ತಾಸು ನಿಂತು, ಓಢಣಿಯನ್ನು ಅಗಲಕ್ಕೆ ಬಿಚ್ಚಿ ಹಿಡಿದು, ಹೊಗೆಯನ್ನೆಲ್ಲ ತುಂಬಿಸಿಕೊಂಡು ಬರುತ್ತಿದ್ದೆ.